ಉಚ್ಚಿ ಹೊಯ್ದದ್ದು ಜೇಡವಲ್ಲ

ಹೋದ ವರ್ಷ ದೀಪಾವಳಿಗೆ ಊರಿಗೆ ಹೋಗಿದ್ದೆ. ನಮ್ಮೂರು ಕಾರಟಗಿ ಹತ್ತಿರ, ತುಂಗಭದ್ರಾ ಎಡದಂಡೆ ಕಾಲುವೆಯ ನೀರುಂಡ ಸೀಮೆ. ಹಿತ್ತಲ ಬಾಗಿಲು ತೆರೆದರೆ ಎದುರಿಗೇ ನೆಲ್ಲಿನ ಗದ್ದೆ. ಹೋದ ಮೂರನೆಯ ದಿನ ಬೆಳಿಗ್ಗೆ ಅಕ್ಕನ ಮಗ ಕುತ್ತಿಗೆ ಹಿಡಿದುಕೊಂಡೇ ಎದ್ದ. ಕಿವಿಯ ಕೆಳಗಿನಿಂದ ಹೆಗಲಿನತನಕ ಬೆರಳಗಲದ ಕೆಂಪು ಗೆರೆ, ಕಾದ ಸಲಾಕೆಯಿಂದ ಬರೆ ಎಳೆದ ಹಾಗೆ. ಮಧ್ಯಾಹ್ನದ ಹೊತ್ತಿಗೆ ಗೆರೆಯುದ್ದಕ್ಕೂ ಸಣ್ಣ ಸಣ್ಣ ಗುಳ್ಳೆ ಎದ್ದವು.

“ಜ್ಯಾಡ ಉಚ್ಚಿ ಹೊಯ್ದೈತಿ” ಅಂದಳು ಅಕ್ಕ. ನೋಡಲು ಬಂದ ಪಕ್ಕದ ಮನೆ ದೊಡ್ಡವ್ವ, “ಸರ್ಪಸುತ್ತು ಇದ್ದೀತು ನೋಡವ್ವಾ, ಕೆಮ್ಮಣ್ಣು ಹಚ್ಚು” ಅಂದಳು. ಪಟ್ಟಣದ ಒಂದು ದವಾಖಾನೆಗೆ ಕರೆದೊಯ್ದೆವು. ಎಲ್ಲಿ ಮಲಗಿದ್ದಿ, ತಲೆ ಮೇಲೆ ದೀಪ ಉರಿಯುತ್ತಿತ್ತಾ, ಏನಾದರೂ ಹುಳ ಒರೆಸಿ ಹಾಕಿದ್ಯಾ ಎಂದು ಅಲ್ಲಿಯೂ ಯಾರೂ ಕೇಳಲಿಲ್ಲ. ಮುಲಾಮು ಬರೆದು ಕಳಿಸಿದರು. ಮನೆಗೆ ಬಂದ ಅಕ್ಕ ಸೆರಗು ಸಿಗಿಸಿ, ಉದ್ದನೆ ಕೋಲಿಗೆ ಕಸಬರಿಗೆ ಕಟ್ಟಿ, ಪಡಸಾಲೆಯಿಂದ ಅಡುಗೆಮನೆತನಕ ಒಂದೂ ಬಲೆ ಉಳಿಯದ ಹಾಗೆ ತೆಗೆದಳು. ದೇವರ ಫೋಟೊ ಹಿಂದೆ ಅಂಗೈಯಗಲದ ಒಂದು ಜೇಡ ಇತ್ತು, ಎದೆಯ ಕೆಳಗೆ ರೂಪಾಯಿ ಬಿಲ್ಲೆಯಂಥ ಚಪ್ಪಟೆ ಬಿಳಿ ತತ್ತಿಚೀಲ ಅವಚಿಕೊಂಡು. ನಮ್ಮಜ್ಜಿ ಇದನ್ನು “ರೊಟ್ಟಿ ಹೊತ್ತ ಜ್ಯಾಡ” ಅನ್ನುತ್ತಿದ್ದಳು. ಚೀಲ ಹೊತ್ತಷ್ಟು ದಿನ ಆ ತಾಯಿ ಬೇಟೆಗೆ ಹೋಗುವುದಿಲ್ಲ, ಉಣ್ಣುವುದಿಲ್ಲ. ಬಲೆ ಕಟ್ಟುವ ಜಾತಿಯೂ ಅಲ್ಲ ಅದು. ರಾತ್ರಿ ಗೋಡೆ ಮೇಲೆ ಓಡಾಡಿ ಜೊಂಡಿಗ ಹಿಡಿದು ತಿನ್ನುತ್ತದೆ. ಅದಕ್ಕೂ ಚಪ್ಪಲಿ ಏಟು ಬಿತ್ತು. ನಾನು “ಬ್ಯಾಡ ಯಕ್ಕಾ” ಅನ್ನುವಷ್ಟರಲ್ಲಿ ಮುಗಿದುಹೋಗಿತ್ತು.

ಅಂದು ರಾತ್ರಿ ಊಟವಾದ ಮೇಲೆ ಪಡಸಾಲೆಯ ಟ್ಯೂಬ್‌ಲೈಟಿನ ಕೆಳಗೆ ಬಿಳಿ ಪಂಚೆ ಹಾಸಿ ಅಳಿಯನನ್ನೂ ಕೂರಿಸಿಕೊಂಡು ಕಾದೆ. ಮೊದಲು ಬಂದವು ಸಾಸಿವೆ ಕಾಳಿನಷ್ಟರ ಹಸಿರು ಜಿಗಿಹುಳಗಳು, ನೂರಾರು. ಆಮೇಲೆ ಒಂದು ಜೀರುಂಡೆ, ಎರಡು ಪತಂಗ. ಒಂಬತ್ತು ಗಂಟೆ ಸುಮಾರಿಗೆ ಇರುವೆಯಂಥದ್ದೊಂದು ಬಿದ್ದು, ಬಾಲ ಮೇಲಕ್ಕೆತ್ತಿ ಸರಸರ ಓಡತೊಡಗಿತು. ಗಾಜಿನ ಲೋಟ ಬೋರಲು ಹಾಕಿ, ಅಡಿಗೆ ಕಾಗದ ಸರಿಸಿ ಹಿಡಿದೆವು. ಉದ್ದ ಒಂದು ಸೆಂಟಿಮೀಟರಿಗೂ ಕಡಿಮೆ. ತಲೆ ಕಪ್ಪು. ಅದರ ಹಿಂದೆ ಕಿತ್ತಳೆಗೆಂಪು. ನಡುವಿನಲ್ಲಿ ಮೊಂಡು ರವಿಕೆ ತೊಡಿಸಿದ ಹಾಗೆ ಹೊಳೆಯುವ ನೀಲಿ ಹೊದಿಕೆ, ಅದರೊಳಗೆ ರೆಕ್ಕೆ ಮಡಚಿಕೊಂಡಿರುತ್ತದೆ. ಮತ್ತೆ ಕೆಂಪು, ತುದಿಯಲ್ಲಿ ಕಪ್ಪು. ಕಾಲು ಆರು. ಜೇಡಕ್ಕೆ ಎಂಟು.

“ಮಾಮಾ, ಇಂಥಾವು ದಿನಾ ಮೈಮ್ಯಾಲೆ ಬೀಳ್ತಾವು. ನಿನ್ನಿನೂ ಒಂದನ್ನ ತಿಕ್ಕಿ ಒಗದೀನಿ” ಅಂದ ಅಳಿಯ.

ಇದರ ಹೆಸರು ಪೇಡರಸ್. ದುಂಬಿಗಳ ಕುಲದ್ದು. ಇದು ಕಚ್ಚುವುದಿಲ್ಲ, ಕುಟುಕುವುದಿಲ್ಲ. ಇದರ ಮೈಯೊಳಗಿನ ರಸದಲ್ಲಿ ಪೆಡೆರಿನ್ ಎಂಬ ವಿಷ ಇರುತ್ತದೆ. ಅದನ್ನು ತಯಾರಿಸುವುದು ಹುಳದೊಳಗೆ ವಾಸಿಸುವ ಒಂದು ಬ್ಯಾಕ್ಟೀರಿಯ. ನಿದ್ದೆಗಣ್ಣಿನಲ್ಲಿ ನಾವು ಹುಳವನ್ನು ಚರ್ಮದ ಮೇಲೆ ಉಜ್ಜಿದಾಗ ಆ ರಸ ಅಂಟುತ್ತದೆ, ಕೈ ಎಳೆದ ದಿಕ್ಕಿಗೇ ಗೆರೆ ಮೂಡುತ್ತದೆ. ಉರಿ ಶುರುವಾಗುವುದು ಅರ್ಧ ದಿನ, ಒಂದು ದಿನ, ಒಮ್ಮೊಮ್ಮೆ ಎರಡು ದಿನ ಕಳೆದ ಮೇಲೆ. ಅಷ್ಟು ಹೊತ್ತಿಗೆ ಹುಳ ಯಾರ ನೆನಪಿನಲ್ಲೂ ಇರುವುದಿಲ್ಲ. ಕಣ್ಣೆತ್ತಿದರೆ ಮೂಲೆಯಲ್ಲಿ ಜೇಡ ಕಾಣುತ್ತದೆ. 2022ರ ಮಳೆಗಾಲದಲ್ಲಿ ಸಿಕ್ಕಿಂನ ವಿದ್ಯಾರ್ಥಿಗಳ ಮೈಮೇಲೆ ಇದೇ ಗುಳ್ಳೆ ಎದ್ದಾಗ ಸುದ್ದಿಯಲ್ಲೆಲ್ಲ “ನೈರೋಬಿ ನೊಣ” ಎಂದು ಬಂತು. ಅದು ನೊಣವೂ ಅಲ್ಲ, ಆಫ್ರಿಕಾದಿಂದ ಹಾರಿ ಬಂದದ್ದೂ ಅಲ್ಲ. ನಮ್ಮ ಗದ್ದೆಯಲ್ಲೇ ಹುಟ್ಟಿ ಬೆಳೆಯುವಂಥದ್ದು.

ಮೈಮೇಲೆ ಕೂತರೆ ಬಾಯಿಂದ ಊದಿ ಹಾರಿಸಬೇಕು. ಉಜ್ಜಿಬಿಟ್ಟಿದ್ದರೆ ಕೂಡಲೇ ಸೋಪು ಹಚ್ಚಿ ತೊಳೆಯಬೇಕು, ಆ ಕೈಯನ್ನು ಕಣ್ಣಿಗೆ ಒಯ್ಯಬಾರದು. ಮಲಗುವ ಜಾಗದ ನೆತ್ತಿಯ ಮೇಲೆ ಬಿಳಿ ದೀಪ ಉರಿಸಬಾರದು. ಇಷ್ಟು ತಿಳಿದರೆ ಸಾಕು. ಆ ಹುಳವನ್ನು ಸಾಯಿಸಲು ಹೊರಡುವುದೂ ತಪ್ಪು, ಯಾಕೆಂದರೆ ಗದ್ದೆಯಲ್ಲಿ ಅದು ನೆಲ್ಲಿನ ರಸ ಹೀರುವ ಜಿಗಿಹುಳಗಳನ್ನು ಹಿಡಿದು ತಿನ್ನುತ್ತದೆ.

ಎಲ್ಲ ಕೇಳಿ ಅಕ್ಕ ಸ್ವಲ್ಪ ಹೊತ್ತು ಸುಮ್ಮನೆ ಕೂತಳು. “ಹಂಗಾರ ಜ್ಯಾಡಗೋಳು ಏನ್ ಮಾಡಿದ್ವಪಾ?” ಅಂದಳು.

“ಏನೂ ಮಾಡಿದ್ದಿಲ್ಲ ಯಕ್ಕಾ.”

ನಾನು 14 ವರ್ಷದಿಂದ ಆಸ್ಟ್ರೇಲಿಯಾದ ಬ್ರಿಸ್ಬೇನ್‌ನಲ್ಲಿದ್ದೇನೆ. ಆಸ್ಟ್ರೇಲಿಯಾ ಅಂದ ಕೂಡಲೇ ನಮ್ಮವರು ಕೇಳುವುದು ಹಾವು, ಜೇಡದ ಮಾತನ್ನೇ. ಅಲ್ಲಿ ವಿಷದ ಜೇಡಗಳಿರುವುದು ನಿಜ. ಕಪ್ಪು ಮೈ, ಬೆನ್ನಿಗೆ ಕೆಂಪು ಪಟ್ಟೆಯ ರೆಡ್‌ಬ್ಯಾಕ್ ಶೆಡ್ಡುಗಳಲ್ಲಿ, ಹಳೇ ಡಬ್ಬಿಗಳ ಅಡಿಯಲ್ಲಿ ಇರುತ್ತದೆ. ಅದಕ್ಕೆ 1956ರಿಂದ ಪ್ರತಿವಿಷ ಇದೆ. ಸಿಡ್ನಿ ಕಡೆಯ ಫನೆಲ್‌ವೆಬ್ ಇನ್ನೂ ಅಪಾಯದ್ದು. 1981ರಲ್ಲಿ ಅದರ ಪ್ರತಿವಿಷ ಬಂದ ಮೇಲೆ ಅದು ಕಚ್ಚಿ ಸತ್ತವರಿಲ್ಲ. ಆ ಮದ್ದಿಗೆ ಬೇಕಾದ ವಿಷ ಬರುವುದು ಸಾರ್ವಜನಿಕರು ಬಾಟಲಿಯಲ್ಲಿ ಹಿಡಿದು ತಂದುಕೊಡುವ ಜೇಡಗಳಿಂದ. ಹೆದರಬೇಕಾದ ಜೇಡವನ್ನೇ ಗುರುತಿಸಿ, ಜೋಪಾನವಾಗಿ ಹಿಡಿದು, ಜೀವ ಉಳಿಸುವ ಕೆಲಸಕ್ಕೆ ಕಳಿಸುತ್ತಾರೆ. ಅದನ್ನು ಮೊದಲ ಸಲ ಕೇಳಿದಾಗ ನನ್ನ ಮೈ ಜುಮ್ಮೆಂದಿತ್ತು.

ಹೋದ ಹೊಸದರಲ್ಲಿ ನಮ್ಮ ಗ್ಯಾರೇಜಿನಲ್ಲಿ ಒಂದು ಜೇಡ ಕಂಡು ಫೋಟೊ ತೆಗೆದು ಕ್ವೀನ್ಸ್‌ಲ್ಯಾಂಡ್ ವಸ್ತುಸಂಗ್ರಹಾಲಯಕ್ಕೆ ಕಳಿಸಿದೆ. ಅಲ್ಲಿ ಯಾರು ಬೇಕಾದರೂ ಕೇಳಬಹುದು. ಉತ್ತರ ಬಂತು: ಸೇಂಟ್ ಆಂಡ್ರ್ಯೂಸ್ ಕ್ರಾಸ್ ಜೇಡ, ಅಪಾಯವಿಲ್ಲ. ಎಂಟು ಕಾಲನ್ನೂ ಎರಡೆರಡಾಗಿ ಜೋಡಿಸಿ ಬಲೆಯ ನಡುವೆ ತಲೆಕೆಳಗಾಗಿ ಕೂರುತ್ತದೆ, ಕಾಲಿನ ಗುಂಟ ಅಂಕುಡೊಂಕು ಬಿಳಿ ನೂಲು ನೇಯ್ದಿರುತ್ತದೆ. ನೋಡುತ್ತಲೇ ನೆನಪಾಯಿತು, ಇದರ ದಾಯಾದಿ ನಮ್ಮ ಹಿತ್ತಲಿನ ನುಗ್ಗೆ ಗಿಡದಲ್ಲೂ ಇದೆ. ಅಳಿಯ ಅದಕ್ಕೆ “ಇಂಟು ಮಾರ್ಕಿನ ಜ್ಯಾಡ” ಅನ್ನುತ್ತಾನೆ. ಇದಕ್ಕಿಂತ ಒಳ್ಳೆ ಹೆಸರು ನನಗೆ ಹೊಳೆದಿಲ್ಲ.

ಆ ದೇಶದ ಜನ ಜೇಡದ ಮೇಲೆ ಸುಳ್ಳು ಅಪವಾದ ಹೊರಿಸುವುದಿಲ್ಲ ಎಂದರೆ ತಪ್ಪಾದೀತು. ಅಲ್ಲಿ ಬಿಳಿಬಾಲದ ಜೇಡ ಅಂತ ಒಂದಿದೆ. ಅದು ಕಡಿದರೆ ಮಾಂಸ ಕೊಳೆಯುತ್ತದೆ ಎಂದು ಬಹಳ ವರ್ಷ ಎಲ್ಲರೂ ನಂಬಿದ್ದರು. 2003ರಲ್ಲಿ ವೈದ್ಯರು ಖಚಿತವಾಗಿ ಆ ಜೇಡವೇ ಕಡಿದ 130 ಪ್ರಕರಣಗಳನ್ನು ಹಿಂಬಾಲಿಸಿ ನೋಡಿದರು. ಕಡಿಸಿಕೊಂಡವರ ಕೈಯಲ್ಲಿ ಜೇಡ ಇರಲೇಬೇಕು, ತಜ್ಞರು ಅದನ್ನು ಗುರುತಿಸಿರಲೇಬೇಕು ಎಂಬುದು ಅವರ ಷರತ್ತು. ನೋವು, ಕೆಂಪು, ತುರಿಕೆ ಇದ್ದವು. ಕೊಳೆತ ಹುಣ್ಣು ಒಂದೂ ಇರಲಿಲ್ಲ. ನಮ್ಮ ಅಕ್ಕನ ಮನೆಯಲ್ಲಿ ಆದದ್ದೂ, ಅಲ್ಲಿ ಆದದ್ದೂ ಒಂದೇ. ವ್ಯತ್ಯಾಸ ಇಷ್ಟೇ: ಅಲ್ಲಿ ಯಾರೋ ಒಬ್ಬರು “ಕಡಿದದ್ದನ್ನು ತೋರಿಸಿ” ಎಂದು ಕೇಳಿದರು.

ನನಗೆ ನಮ್ಮ ಸೀಮೆಯಲ್ಲಿ ಬೇಕೆನಿಸುವುದು ಆ ಕೇಳುವ ಕ್ರಮ. ಮನೆಯ ಮೂಲೆಗಿಂತ ಹೊಲದಲ್ಲಿ ಅದು ಹೆಚ್ಚು ಬೇಕು, ಯಾಕೆಂದರೆ ಅಲ್ಲಿ ತಪ್ಪು ಗುರುತಿಗೆ ತೆರುವುದು ದುಡ್ಡು ಮತ್ತು ಆರೋಗ್ಯ.

ಮೆಣಸಿನಕಾಯಿಯ ಮಾತು ತೆಗೆದುಕೊಳ್ಳಿ. ಸಿರುಗುಪ್ಪ, ಬಳ್ಳಾರಿ, ರಾಯಚೂರಿನ ಮೆಣಸಿನಕಾಯಿ ಬೆಳೆಗಾರರ ಬಾಯಲ್ಲಿ “ನುಸಿ” ಒಂದೇ ಶಬ್ದ. ಜೋಳದ ಚೀಲಕ್ಕೆ ಹತ್ತಿದರೂ ನುಸಿ, ಎಲೆ ಮುಟುರಿದರೂ ನುಸಿ. ಆದರೆ ಎಲೆ ಮುಟುರಿಸುವ ನುಸಿ ಎರಡು ಬಗೆ. ಒಂದು ಥ್ರಿಪ್ಸ್, ಆರು ಕಾಲಿನ ಕೀಟ. ಇನ್ನೊಂದು ಮೈಟ್, ಎಂಟು ಕಾಲಿನದು, ಜೇಡ ಚೇಳುಗಳ ಬಳಗ. ಥ್ರಿಪ್ಸ್ ಹತ್ತಿದರೆ ಎಲೆಯ ಅಂಚು ಮೇಲಕ್ಕೆ ಮಡಚಿ ದೋಣಿಯಾಗುತ್ತದೆ. ಮೈಟ್ ಹತ್ತಿದರೆ ಕೆಳಕ್ಕೆ ಮಡಚಿ ದೋಣಿ ಬೋರಲು ಬೀಳುತ್ತದೆ. ಒಂದಕ್ಕೆ ಹೊಡೆಯುವ ಎಣ್ಣೆ, ಅಂದರೆ ಔಷಧ, ಬಹಳ ಸಲ ಇನ್ನೊಂದಕ್ಕೆ ನಾಟುವುದಿಲ್ಲ. ಮೈಟ್‌ಗೆ ಗಂಧಕ ಕೆಲಸ ಮಾಡುತ್ತದೆ, ಕೆಲವು ಕೀಟನಾಶಕಗಳನ್ನು ಹೊಡೆದರಂತೂ ಮೈಟ್ ಇನ್ನಷ್ಟು ಹೆಚ್ಚುತ್ತದೆ, ಅದನ್ನು ತಿನ್ನುವ ಜೀವಿಗಳೆಲ್ಲ ಸತ್ತುಹೋಗುವುದರಿಂದ. ನಮ್ಮ ಕಾಕಾ ಒಬ್ಬರು ಬೋರಲು ದೋಣಿಯ ಎಲೆ ಕಿತ್ತು ಎಣ್ಣೆ ಅಂಗಡಿಗೆ ಒಯ್ದರು. ಅಂಗಡಿಯವನು ಎಲೆಯನ್ನು ತಿರುಗಿಸಿಯೂ ನೋಡದೆ ಥ್ರಿಪ್ಸಿನ ಎಣ್ಣೆ ಕೊಟ್ಟ. ಮೂರು ಸಲ ಹೊಡೆದರು. 2021ರಲ್ಲಿ ಹೂವಿನೊಳಗೆ ಕೂತು ತಿನ್ನುವ ಹೊಸ ಕರಿ ಥ್ರಿಪ್ಸ್ ಆಂಧ್ರ, ತೆಲಂಗಾಣ, ನಮ್ಮ ಕಡೆಯ ಮೆಣಸಿನಕಾಯಿಗೆ ಮುತ್ತಿಗೆ ಹಾಕಿದಾಗಲೂ, ಇದು ಹಳೆಯದಲ್ಲ ಬೇರೆಯದು ಎಂದು ರೈತರಿಗೆ ತಿಳಿಯುವಷ್ಟರಲ್ಲಿ ಗಿಡದ ಹೂವೆಲ್ಲ ಉದುರಿತ್ತು.

ನೆಲ್ಲಿನದೂ ಇದೇ ಪಾಡು. ಕಂದು ಜಿಗಿಹುಳು, ಆಂಧ್ರದಿಂದ ಬಂದು ನಮ್ಮ ಸೀಮೆಯ ಕ್ಯಾಂಪುಗಳಲ್ಲಿ ನೆಲೆಸಿದ ತೆಲುಗರ ಬಾಯಲ್ಲಿ ಸುಡಿದೋಮ, ಬುಡದಲ್ಲಿ ಕೂತು ರಸ ಹೀರಿ ಗದ್ದೆಯನ್ನು ದುಂಡು ದುಂಡಾಗಿ ಸುಟ್ಟ ಹಾಗೆ ಮಾಡುತ್ತದೆ. ಮುಂಜಾನೆ ಗದ್ದೆಗಿಳಿದು ಒಂದು ಬುಡವನ್ನು ಎರಡೂ ಕೈಯಿಂದ ಅಗಲಿಸಿ ನೋಡಿ. ನೀರಿನಂಚಿನಲ್ಲಿ ಬೂದುಗಂದು ಬಣ್ಣದ ತೋಳಜೇಡ ಓಡುತ್ತದೆ, ಒಮ್ಮೊಮ್ಮೆ ಬೆನ್ನ ತುಂಬ ಮರಿಗಳನ್ನು ಹೊತ್ತು. ಅದು ಬಲೆ ಹೆಣೆಯದೆ ನೀರಿನ ಮೇಲೂ ಓಡಿ ಈ ಜಿಗಿಹುಳಗಳನ್ನೇ ಹಿಡಿಯುತ್ತದೆ. ಹುಳ ಕಂಡ ದಿನವೇ ಸಿಕ್ಕ ಎಣ್ಣೆ ಹೊಡೆದರೆ ಮೊದಲು ಸಾಯುವುದು ಈ ಜೇಡ. ಕಾಂಡದೊಳಗೆ ಅಡಗಿದ ತತ್ತಿಯಿಂದ ಜಿಗಿಹುಳು ಮತ್ತೆ ಏಳುತ್ತದೆ, ಆಗ ಕಾಯುವವರು ಯಾರೂ ಇರುವುದಿಲ್ಲ. ಗಂಗಾವತಿ, ಸಿಂಧನೂರು ಸೀಮೆಯ ಪ್ರತಿ ರೈತನಿಗೂ ಈ ಒಂದು ಜೇಡದ ಗುರುತು ಇರಬೇಕು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಚೇಳಿನ ವಿಷಯದಲ್ಲಿ ನಮ್ಮ ಭಯವೇ ತಿರುವುಮುರುವಾಗಿದೆ. ಕಲ್ಲೆತ್ತಿದಾಗ ಗೇಣುದ್ದದ ಕರಿಚೇಳು ಕಂಡರೆ ಊರೇ ಕೂಗುತ್ತದೆ. ಎರಡಿಂಚಿನ ಕೆಂಪು ಚೇಳಿಗೆ “ಸಣ್ಣದೈತಿ ಬಿಡು” ಅನ್ನುತ್ತಾರೆ. ಜೀವ ತೆಗೆಯಬಲ್ಲದ್ದು, ಅದರಲ್ಲೂ ಮಕ್ಕಳ ಜೀವ, ಆ ಸಣ್ಣ ಕೆಂಪು ಚೇಳು. ಮಹಾರಾಷ್ಟ್ರದ ಮಹಾಡದಲ್ಲಿ ಡಾ. ಹಿಂಮತರಾವ್ ಬಾವಸ್ಕರ್ ಇದೇ ಚೇಳಿನ ವಿಷಕ್ಕೆ ಪ್ರಾಜೋಸಿನ್ ಎಂಬ ರಕ್ತದೊತ್ತಡದ ಅಗ್ಗದ ಗುಳಿಗೆ ಕೊಟ್ಟು ಸಾವು ತಗ್ಗಿಸಿ ತೋರಿಸಿದರು. 2022ರಲ್ಲಿ ಅವರಿಗೆ ಪದ್ಮಶ್ರೀ ಬಂತು. ಮಗುವಿಗೆ ಚೇಳು ಕಡಿದು, ಮೈ ಬೆವೆತು, ವಾಂತಿಯಾಗಿ, ಕೈಕಾಲು ತಣ್ಣಗಾದರೆ ಮಂತ್ರ ಹಾಕಿಸುತ್ತ ಕೂರುವ ಹೊತ್ತಲ್ಲ ಅದು. ಪಕ್ಕದ ಯಾದಗಿರಿ ಜಿಲ್ಲೆಯ ಕಂದಕೂರಿನಲ್ಲಿ ನಾಗರಪಂಚಮಿಯ ದಿನ ಜನ ಗುಡ್ಡದ ಚೇಳುಗಳನ್ನು ಅಂಗೈ ಮೇಲೆ, ಮುಖದ ಮೇಲೆ ಬಿಟ್ಟುಕೊಳ್ಳುತ್ತಾರೆ. ಆ ಭಕ್ತಿಯನ್ನು ನಾನು ಗೌರವಿಸುತ್ತೇನೆ. ಆದರೆ ಆ ದಿನದ ಧೈರ್ಯವನ್ನು ಮನೆಯ ಸೌದೆ ಒಟ್ಟಿಲಿಗೆ ತರಬಾರದು.

ಹಾಗಂತ ಬ್ರಿಸ್ಬೇನ್‌ನಲ್ಲಿ ಎಲ್ಲವೂ ಚೆಂದ ಇಲ್ಲ. ವರ್ಷಕ್ಕೊಮ್ಮೆ ಪೆಸ್ಟ್ ಕಂಟ್ರೋಲಿನವರನ್ನು ಕರೆಸಿ, ಮನೆಯ ಸುತ್ತ ಔಷಧ ಸುರಿಸಿ ಎಲ್ಲ ಜೇಡಗಳನ್ನೂ ಒಟ್ಟಿಗೆ ಕೊಲ್ಲಿಸುವವರು ನಮ್ಮ ಬೀದಿಯಲ್ಲೇ ಇದ್ದಾರೆ. ಹುಳದ ಜೊತೆ ದಿನನಿತ್ಯದ ಒಡನಾಟ ಅಲ್ಲಿ ಕಡಿಮೆ. ಕೆಲಸ ನೋಡಿ ಹೆಸರಿಡುವುದು ನಮ್ಮವರಿಗೆ ಗೊತ್ತು. ಕುಂಬಾರ ಹುಳ ಅಂದರೆ ಸಾಕು, ಅದು ಮಣ್ಣು ತಂದು ಗಡಿಗೆ ಮಾಡುತ್ತದೆಂದು ಮಗುವಿಗೂ ತಿಳಿಯುತ್ತದೆ. ಅಳಿಯ ಕಿಟಕಿಯ ಸಂದಿನ ಹಳೇ ಮಣ್ಣುಗೂಡೊಂದನ್ನು ಒಡೆದ. ಒಳಗೆ ಹನ್ನೊಂದು ಸಣ್ಣ ಜೇಡಗಳು, ಸತ್ತಿರಲಿಲ್ಲ, ಕಾಲು ಮಾತ್ರ ನಡುಗುತ್ತಿದ್ದವು. ತಾಯಿ ಕಡಜ ಕುಟುಕಿ ಮರಗಟ್ಟಿಸಿ, ಹುಟ್ಟಲಿರುವ ಮರಿಗೆ ಬುತ್ತಿ ಕಟ್ಟಿಟ್ಟಿತ್ತು. ಕರಿ ಗೊದ್ದ, ಕಟ್ಟಿರುವೆ, ಏರೋಪ್ಲೇನ್ ಚಿಟ್ಟೆ ಎಂದು ನಮ್ಮಜ್ಜಿ ಬೇರೆ ಬೇರೆಯಾಗಿ ಕರೆಯುತ್ತಿದ್ದದ್ದನ್ನೆಲ್ಲ ನಾವು “ಹುಳ” ಎಂಬ ಒಂದೇ ಮಾತಿಗೆ ಇಳಿಸುತ್ತಿದ್ದೇವೆ. ಆ ನಷ್ಟ ನನಗೆ ನೋವು ಕೊಡುತ್ತದೆ.

ಬ್ರಿಸ್ಬೇನ್‌ನ ಪಶ್ಚಿಮಕ್ಕೆ ಮೂರೂವರೆ ತಾಸಿನ ಹಾದಿಯಲ್ಲಿ ಬೂನಾರ್ಗ ಎಂಬ ಊರಿದೆ. ಅಲ್ಲಿ 1936ರಲ್ಲಿ ಒಂದು ಪತಂಗದ ನೆನಪಿಗೆ ಸಭಾಭವನ ಕಟ್ಟಿದ್ದಾರೆ. ಪಾಪಾಸುಕಳ್ಳಿ ಹಬ್ಬಿ ಸುಮಾರು 6 ಕೋಟಿ ಎಕರೆ ನೆಲ ಹಾಳುಬಿದ್ದಿದ್ದಾಗ, 1926ರಲ್ಲಿ ಬಿಟ್ಟ ಅರ್ಜೆಂಟೀನಾದ ಕ್ಯಾಕ್ಟೊಬ್ಲಾಸ್ಟಿಸ್ ಪತಂಗದ ಹುಳುಗಳು ಕೆಲವೇ ವರ್ಷಗಳಲ್ಲಿ ಆ ಕಳ್ಳಿಯನ್ನು ತಿಂದು ಮುಗಿಸಿದವು. ಆ ಭವನದ ಮುಂದೆ ನಿಂತಾಗ ನನಗೆ ನೆನಪಾದದ್ದು ನಮ್ಮ ಬಳ್ಳಾರಿ ಕಡೆಯ ಗುಡ್ಡದ ಬದಿಯ ಪಾಪಾಸುಕಳ್ಳಿ. ಅದರ ಎಲೆಗೆ ಅಂಟಿದ ಬಿಳಿ ಹತ್ತಿಯಂಥದ್ದನ್ನು ಉಗುರಿನಿಂದ ಒತ್ತಿದರೆ ರಕ್ತದಂಥ ಕೆಂಪು ಬರುತ್ತದೆ. ಸಣ್ಣವರಿದ್ದಾಗ ಅದರಿಂದ ಹಣೆಗೆ ಬೊಟ್ಟು ಇಟ್ಟುಕೊಂಡಿದ್ದೇವೆ. ಅದು ಕಾಚಿನೀಲ್ ಹುಳ. 1795ರಲ್ಲಿ ಬಟ್ಟೆಗೆ ಕೆಂಪು ಬಣ್ಣ ತೆಗೆಯಲೆಂದು ಬ್ರೆಜಿಲಿನಿಂದ ಭಾರತಕ್ಕೆ ಕಾಚಿನೀಲ್ ತಂದರು. ತಂದದ್ದು ಬಣ್ಣದ ಹುಳವಲ್ಲ, ಅದನ್ನೇ ಹೋಲುವ ಬೇರೆ ಜಾತಿ. ಬಣ್ಣ ಒದಗಲಿಲ್ಲ, ಆದರೆ ಒಂದು ಜಾತಿಯ ಕಳ್ಳಿಯನ್ನು ಅದು ನಾಶಮಾಡಿತು. ಹುಳದಿಂದ ಕಳೆ ಕೀಳಿಸಿದ ಚರಿತ್ರೆ ಶುರುವಾಗುವುದೇ ಆ ತಪ್ಪು ಗುರುತಿನಿಂದ.

2001ರಲ್ಲಿ ಬ್ರಿಸ್ಬೇನ್‌ನಲ್ಲಿ ಹೊರದೇಶದ ಬೆಂಕಿಯಿರುವೆ ಪತ್ತೆಯಾಯಿತು. ಅಂದಿನಿಂದ ಅನುಮಾನದ ಇರುವೆ ಕಂಡರೆ ಪ್ರತಿ ನಾಗರಿಕನೂ ಸರ್ಕಾರಕ್ಕೆ ತಿಳಿಸಬೇಕು. ಫೋಟೊ ಕಳಿಸಿದರೆ ನೋಡಿ ಹೇಳುತ್ತಾರೆ. ನಮ್ಮಲ್ಲೂ ಬಲ್ಲವರಿಗೆ ಕೊರತೆಯಿಲ್ಲ. 2009ರಿಂದ ರಾಯಚೂರಿನಲ್ಲೇ ಕೃಷಿ ವಿಶ್ವವಿದ್ಯಾಲಯ ಇದೆ. ಬೆಂಗಳೂರಿನಲ್ಲಿ ಕೃಷಿ ಕೀಟಗಳ ರಾಷ್ಟ್ರೀಯ ಸಂಸ್ಥೆ ಇದೆ. ಕಿಸಾನ್ ಕಾಲ್ ಸೆಂಟರಿನ 1800-180-1551ಕ್ಕೆ ಕನ್ನಡದಲ್ಲೇ ಕೇಳಬಹುದು. ನನ್ನ ಬೇಡಿಕೆ ಇನ್ನೂ ಸಣ್ಣದು. ಹೋಬಳಿಗೊಂದು ರೈತ ಸಂಪರ್ಕ ಕೇಂದ್ರ ಇದೆಯಲ್ಲ, ಅದರ ಗೋಡೆಗೆ ಗಾಜಿನ ಪೆಟ್ಟಿಗೆ ಬೇಕು. ಅದರಲ್ಲಿ ಆ ಹೋಬಳಿಯದೇ ಹುಳಗಳು, ಕೆಳಗೆ ಆ ಹೋಬಳಿಯ ಜನ ಕರೆಯುವ ಹೆಸರು. ಮೇಜಿನ ಮೇಲೊಂದು ಭೂತಗನ್ನಡಿ. ಅಂಗಡಿಗೆ ಹೋಗುವ ಮೊದಲು ರೈತ ತನ್ನ ಎಲೆಯನ್ನು ಅಲ್ಲಿ ತಿರುಗಿಸಿ ನೋಡಲಿ.

ಅಷ್ಟು ಆಗುವತನಕ ನಮ್ಮ ಮನೆಯ ಮಟ್ಟಿಗೆ ಅಳಿಯ ಆ ಕೆಲಸ ಹಿಡಿದಿದ್ದಾನೆ. ಫೋಟೊ ತೆಗೆಯುವ ಬಗೆ ಹೇಳಿಕೊಟ್ಟಿದ್ದೇನೆ: ಬೆನ್ನಿನದೊಂದು, ಮುಖದ್ದೊಂದು, ಪಕ್ಕದಲ್ಲಿ ರೂಪಾಯಿ ಬಿಲ್ಲೆ, ಯಾವ ಗಿಡ, ಎಷ್ಟು ಹೊತ್ತು ಎಂಬ ಒಂದು ಸಾಲು. ಜೇಡವಾದರೆ ಮುಖದ ಫೋಟೊ ಬೇಕೇ ಬೇಕು, ಕಣ್ಣುಗಳು ಯಾವ ಸಾಲಿನಲ್ಲಿವೆ ಎಂಬುದರಿಂದಲೇ ಅರ್ಧ ಗುರುತು ಹತ್ತುತ್ತದೆ. ಬೇವಿನ ಮರದ ತೊಗಟೆಗೆ ತೊಗಟೆಯಾಗಿ ಅಂಟಿಕೊಂಡಿದ್ದ ಎರಡು ಬಾಲದ ಜೇಡವನ್ನು ಅವನೇ ಹುಡುಕಿ ತೆಗೆದ. ಅದು ಇರುವೆಯೊಂದರ ಸುತ್ತ ಗಾಣದೆತ್ತಿನ ಹಾಗೆ ಗಿರಗಿರ ತಿರುಗಿ ನೂಲು ಸುತ್ತುವ ವಿಡಿಯೊ ಕಳಿಸಿದ್ದಾನೆ. ಊರ ಹೊರಗಿನ ಜಾಲಿಗಿಡದಲ್ಲಿ ಬೂದು ಬಲೆಯ ಮುದ್ದೆ ಕಂಡು ಕಸ ಅಂದುಕೊಂಡಿದ್ದವನಿಗೆ, ಅದರೊಳಗೆ ನೂರಾರು ಜೇಡಗಳು ಕೂಡುಕುಟುಂಬವಾಗಿ ಬಾಳುತ್ತವೆ, ಕೊನೆಗೆ ತಾಯಂದಿರು ತಮ್ಮ ಮೈಯನ್ನೇ ಮರಿಗಳಿಗೆ ಉಣಿಸುತ್ತವೆ ಎಂದೆ. ಮರುದಿನವೇ ಮತ್ತೆ ಹೋಗಿ ಒಂದು ತಾಸು ಕೂತು ಬಂದನಂತೆ.

ಪಡಸಾಲೆಯ ಟ್ಯೂಬ್‌ಲೈಟು ಈಗ ಎಂಟಕ್ಕೆ ಆರುತ್ತದೆ, ಹಿತ್ತಲಿಗೆ ಹಳದಿ ಬಲ್ಬು ಬಂದಿದೆ. ಮೊನ್ನೆ ವಿಡಿಯೊ ಕರೆಯಲ್ಲಿ ಅಕ್ಕ ದೇವರ ಫೋಟೊದ ಅಂಚನ್ನು ಮೆಲ್ಲಗೆ ಎತ್ತಿ ಫೋನು ಒಳಗೆ ಹಿಡಿದಳು.

“ಹೊಸಾದೊಂದು ಬಂದೈತಿ ನೋಡೋ ತಮ್ಮಾ. ರೊಟ್ಟಿ ಇನ್ನಾ ಹೊತ್ತಿಲ್ಲ.”